ಹಕ್ಕಲಾಯುವವಳು

1975ರಲ್ಲಿ ಪ್ಯಾರಿಸ್ಸಿನ ದಾಗೆರ್ ಬೀದಿಯ ಮನೆಯೊಂದರ ವಿದ್ಯುತ್ ಮೀಟರಿನಿಂದ 90 ಮೀಟರ್ ಉದ್ದದ ಕೇಬಲ್ ಹೊರಟು, ಅಕ್ಕಪಕ್ಕದ ಅಂಗಡಿಗಳೊಳಗೆ ಹೊಕ್ಕು, ಅಲ್ಲಿ ಸಿನಿಮಾದ ದೀಪಗಳನ್ನು ಉರಿಸುತ್ತಿತ್ತು. ಆ ಮನೆಯೊಡತಿ ಫ್ರೆಂಚ್ ಚಿತ್ರನಿರ್ದೇಶಕಿ ಆನ್ಯೆಸ್ ವರ್ದಾ. ಮನೆಯಲ್ಲಿ ಮೂರರ ಆಸುಪಾಸಿನ ಮಗನಿದ್ದ. ಅವನನ್ನು ಬಿಟ್ಟು ಚಿತ್ರೀಕರಣಕ್ಕೆಂದು ದೂರದೂರಿಗೆ ಹೋಗುವುದು ಆಗದ ಮಾತಾಗಿತ್ತು. ಕೆಲಸವಿಲ್ಲದೆ ಮನೆಯಲ್ಲಿ ಕುಳಿತಿರುವುದು ಅವರ ಜಾಯಮಾನಕ್ಕೆ ಒಗ್ಗುತ್ತಿರಲಿಲ್ಲ. ಜರ್ಮನಿಯ ಟೆಲಿವಿಷನ್ನಿಗೆ ಒಂದು ಚಿತ್ರ ಮಾಡಿಕೊಡುವ ಅವಕಾಶ ಬಂದಾಗ ಅವರು ಅಂಗಡಿಯವರ ಬಿಲ್ಲು ಏರಿಸುವುದು ಬೇಡವೆಂದು ತಮ್ಮ ಮನೆಯಿಂದಲೇ ಕೇಬಲ್ ಎಳೆಸಿದರು, ಆ ಕೇಬಲ್ ಮುಟ್ಟುವಷ್ಟು ದೂರವೇ ತಮ್ಮ ಚಿತ್ರದ ಎಲ್ಲೆ ಎಂದು ಗೊತ್ತುಮಾಡಿಕೊಂಡರು. ಬೇಕರಿಯವ, ಮಾಂಸದಂಗಡಿಯವ, ದರ್ಜಿ, ಕ್ಷೌರಿಕ, ಸೆಂಟಿನ ಅಂಗಡಿಯ ಮುದುಕ ದಂಪತಿ, ಇಷ್ಟೇ ಅದರ ಜಗತ್ತು. ಕೇಬಲ್ಲನ್ನು ಅವರು ಹೊಕ್ಕುಳಬಳ್ಳಿಗೆ ಹೋಲಿಸಿದ್ದೂ ಉಂಟು.

ಹಾಸಿಗೆ ಇದ್ದಷ್ಟು ಕಾಲು ಚಾಚು ಎನ್ನುವ ಗಾದೆಯನ್ನು ನಾವು ಇನ್ನೊಬ್ಬರ ಆಸೆಗೆ ಕಡಿವಾಣ ಹಾಕುವುದಕ್ಕೇ ಹೆಚ್ಚಾಗಿ ಬಳಸುತ್ತೇವೆ. ವರ್ದಾ ಅವರ ಚಿತ್ರಗಳನ್ನು ಒಂದೊಂದಾಗಿ ನೋಡುತ್ತ ಹೋದಂತೆ ನನಗೆ ಆ ಗಾದೆ ಬೇರೆಯಾಗಿ ಕೇಳಿಸತೊಡಗಿತು. ಹಾಸಿಗೆಯ ಅಳತೆ ಸರಿಯಾಗಿ ಬಲ್ಲವರು ಅದರೊಳಗೆ ಹೇಗೆ ಬೇಕಾದರೂ ಹೊರಳಬಹುದು, ಯಾರ ಅಪ್ಪಣೆಯೂ ಬೇಕಿಲ್ಲ. 1954ರಿಂದ 2019ರವರೆಗಿನ 65 ವರ್ಷಗಳಲ್ಲಿ ಅವರು ಕಥಾಚಿತ್ರ ಮಾಡಿದರು, ಸಾಕ್ಷ್ಯಚಿತ್ರ ಮಾಡಿದರು, ಕಿರುಚಿತ್ರಗಳನ್ನೂ ಟಿವಿಗಾಗಿ ಸರಣಿಗಳನ್ನೂ ಮಾಡಿದರು, ಮುಪ್ಪಿನಲ್ಲಿ ಕಲಾ ಗ್ಯಾಲರಿಗಳಿಗೆ ಹೊಕ್ಕರು. ಇಂಥವರನ್ನು ಬಹುಮುಖ ಪ್ರತಿಭೆ ಎಂದು ಕರೆದು ಮುಂದೆ ಹೋಗುವುದು ಸುಲಭ. ನನಗನಿಸುವಂತೆ ಈ ವೈವಿಧ್ಯದ ಮೂಲ ಪ್ರತಿಭೆಗಿಂತ ಹೆಚ್ಚಾಗಿ ಒಂದು ಗೃಹಿಣಿಯ ಲೆಕ್ಕಾಚಾರದಲ್ಲಿದೆ: ಇವತ್ತು ಮನೆಯಲ್ಲಿ ಏನಿದೆ, ಅದರಲ್ಲಿ ಏನು ಮಾಡಬಹುದು.

ವರ್ದಾ ಹುಟ್ಟಿದ್ದು 1928ರ ಮೇ 30ರಂದು, ಬ್ರಸೆಲ್ಸ್‌ಗೆ ಅಂಟಿಕೊಂಡಿರುವ ಇಕ್ಸೆಲ್‌ನಲ್ಲಿ. ತಂದೆ ಗ್ರೀಕ್ ಮೂಲದವರು, ತಾಯಿ ಫ್ರಾನ್ಸಿನವರು. ಹೆತ್ತವರು ಇಟ್ಟ ಆರ್ಲೆತ್ ಎಂಬ ಹೆಸರನ್ನು ಹದಿನೆಂಟು ತುಂಬಿದಾಗ ತಾವೇ ಬದಲಿಸಿಕೊಂಡು ಆನ್ಯೆಸ್ ಆದರು. ಎರಡನೆಯ ಮಹಾಯುದ್ಧದ ಕಾಲದಲ್ಲಿ ಕುಟುಂಬ ದಕ್ಷಿಣ ಫ್ರಾನ್ಸಿನ ಸೇತ್ ಎಂಬ ಬಂದರು ಪಟ್ಟಣಕ್ಕೆ ಬಂದು, ದಡಕ್ಕೆ ಕಟ್ಟಿದ ದೋಣಿಯೊಂದರಲ್ಲಿ ಸಂಸಾರ ಹೂಡಿತ್ತು. ಮುಂದೆ ಪ್ಯಾರಿಸ್ಸಿನಲ್ಲಿ ಫೋಟೋಗ್ರಫಿ ಕಲಿತು, ರಂಗನಿರ್ದೇಶಕ ಜಾನ್ ವಿಲಾರ್ ಅವರ ಆವಿನ್ಯೋಂ ನಾಟಕೋತ್ಸವಕ್ಕೂ ಅವರ ರಾಷ್ಟ್ರೀಯ ಜನತಾ ರಂಗಭೂಮಿಗೂ ಛಾಯಾಗ್ರಾಹಕಿಯಾದರು. 1951ರಲ್ಲಿ ದಾಗೆರ್ ಬೀದಿಗೆ ಬಂದರು. ಪಾಳುಬಿದ್ದಂತಿದ್ದ ಎರಡು ಮಳಿಗೆಗಳು, ನಡುವೆ ಒಂದು ಅಂಗಳ. ಸಾಯುವವರೆಗೂ ಅದೇ ಅವರ ಮನೆ, ಕಚೇರಿ, ಸಂಕಲನದ ಕೋಣೆ. ಆ ಬೀದಿಗೆ ಹೆಸರು ಕೊಟ್ಟ ಲೂಯಿ ದಾಗೆರ್ ಫೋಟೋಗ್ರಫಿಯ ಆದಿಪುರುಷರಲ್ಲಿ ಒಬ್ಬನೆಂಬುದು ಕಾಕತಾಳೀಯವಿರಬಹುದು, ಆದರೆ ಇಂಥ ಕಾಕತಾಳೀಯಗಳನ್ನು ವರ್ದಾ ಕೈಬಿಡುತ್ತಿರಲಿಲ್ಲ.

ಮೊದಲ ಚಿತ್ರ 'ಲಾ ಪ್ವಾಂತ್ ಕೂರ್ತ್' ಚಿತ್ರೀಕರಣವಾದದ್ದು 1954ರ ಬೇಸಿಗೆಯಲ್ಲಿ, ಸೇತ್ ಪಟ್ಟಣದ ಅದೇ ಹೆಸರಿನ ಬೆಸ್ತರ ಕೇರಿಯಲ್ಲಿ. ಆಗ ಅವರಿಗೆ ಇಪ್ಪತ್ತಾರು. ಸಿನಿಮಾ ಕಲಿತವರಲ್ಲ, ಯಾರ ಕೈಕೆಳಗೂ ದುಡಿದವರಲ್ಲ, ಅಷ್ಟೇಕೆ, ಅಲ್ಲಿಯವರೆಗೆ ನೋಡಿದ ಸಿನಿಮಾಗಳೇ ಬೆರಳೆಣಿಕೆಯಷ್ಟು. ಸಾಹಿತ್ಯ ಓದಿಕೊಂಡಿದ್ದರು. ಅಮೆರಿಕದ ಕಾದಂಬರಿಕಾರ ಫಾಕ್ನರ್ ತನ್ನ ಒಂದು ಕಾದಂಬರಿಯಲ್ಲಿ ಒಂದಕ್ಕೊಂದು ತಾಗದ ಎರಡು ಕಥೆಗಳನ್ನು ಅಧ್ಯಾಯ ಬಿಟ್ಟು ಅಧ್ಯಾಯ ನೇಯ್ದದ್ದು ಅವರಿಗೆ ಹಿಡಿಸಿತ್ತು. ಅದೇ ಬಗೆಯಲ್ಲಿ ಒಂದು ಕಡೆ ಬೆಸ್ತರ ದಿನನಿತ್ಯದ ಬದುಕು, ಮತ್ತೊಂದು ಕಡೆ ಒಡೆದುಹೋಗುತ್ತಿರುವ ದಾಂಪತ್ಯವನ್ನು ಕುರಿತು ಮಾತಾಡುತ್ತ ಅದೇ ಕೇರಿಯಲ್ಲಿ ಅಲೆಯುವ ಗಂಡಹೆಂಡಿರು. ಗಂಡನ ಪಾತ್ರದಲ್ಲಿ ಫಿಲಿಪ್ ನ್ವಾರೆ, ಹೆಂಡತಿಯಾಗಿ ಸಿಲ್ವಿಯಾ ಮೋಂಫೋರ್. ಖರ್ಚು ಸುಮಾರು 70 ಲಕ್ಷ ಹಳೆಯ ಫ್ರಾಂಕ್, ಅಂದರೆ ಆಗಿನ ಸಾಧಾರಣ ಫ್ರೆಂಚ್ ಚಿತ್ರದ ಖರ್ಚಿನ ಹತ್ತರಲ್ಲೊಂದು ಪಾಲು. ನಟರೂ ತಂತ್ರಜ್ಞರೂ ಸಂಬಳವಿಲ್ಲದೆ, ಚಿತ್ರದ ಪಾಲುದಾರರಾಗಿ ದುಡಿದರು. ಅವರ ಬಾಕಿ ತೀರಿಸಲು ವರ್ದಾ ಅವರಿಗೆ ಹತ್ತು ವರ್ಷಕ್ಕೂ ಹೆಚ್ಚು ಹಿಡಿಯಿತು. ಸ್ಥಳದಲ್ಲೇ ಧ್ವನಿ ಹಿಡಿಯುವ ಸಲಕರಣೆಗೆ ದುಡ್ಡಿರಲಿಲ್ಲವಾಗಿ ಚಿತ್ರವನ್ನು ಮೂಕವಾಗಿಯೇ ತೆಗೆದು, ಮಾತುಗಳನ್ನು ಆಮೇಲೆ ಕೂಡಿಸಿದರು.

ಸಂಕಲನಕ್ಕೆ, ಮುಂದೆ ಹೆಸರಾಂತ ನಿರ್ದೇಶಕರಾದ ಅಲಾಂ ರೆನೆ ಅವರನ್ನು ಕೇಳಿಕೊಂಡಾಗ ಅವರು ಮೊದಲು ಹಿಂಜರಿದರಂತೆ. ತಾವು ಮಾಡಬೇಕೆಂದಿರುವುದಕ್ಕೆ ಇದು ತೀರ ಹತ್ತಿರವಿದೆ ಎಂಬುದು ಅವರ ಅಳುಕು. ಕೊನೆಗೆ ಒಪ್ಪಿಕೊಂಡು ತಿಂಗಳುಗಟ್ಟಲೆ ಪುಕ್ಕಟೆಯಾಗಿ ಕುಳಿತು ಕತ್ತರಿಸಿಕೊಟ್ಟರು. ಕತ್ತರಿಸುತ್ತ, ಈ ದೃಶ್ಯ ವಿಸ್ಕೋಂತಿಯನ್ನು ನೆನಪಿಸುತ್ತದೆ, ಇದು ಆಂತೋನಿಯೋನಿಯನ್ನು, ಎಂದು ರೆನೆ ಇಟಲಿಯ ನಿರ್ದೇಶಕರ ಹೆಸರು ಹೇಳುತ್ತಿದ್ದರೆ, ಅವರೆಲ್ಲ ಯಾರು ಎಂದು ವರ್ದಾ ಕೇಳುತ್ತಿದ್ದರು. ಈ ಪ್ರಸಂಗ ನನಗೆ ಬಹಳ ಇಷ್ಟ. ಐದು ವರ್ಷ ಕಳೆದು ತ್ರುಫೋ, ಗೊದಾರ್ ಮೊದಲಾದ ಹುಡುಗರು ಪತ್ರಿಕೆಯೊಂದರಲ್ಲಿ ಸಿನಿಮಾ ವಿಮರ್ಶೆ ಬರೆದೂ ಬರೆದೂ ತಾವೇ ನಿರ್ದೇಶಕರಾಗಿ 'ಹೊಸ ಅಲೆ' ಎಂಬ ಹೆಸರು ಗಿಟ್ಟಿಸಿದಾಗ, ಇನ್ನೂ ಮೂವತ್ತರ ಆಸುಪಾಸಿನಲ್ಲಿದ್ದ ವರ್ದಾ ಅವರನ್ನು ಆ ಅಲೆಯ ಅಜ್ಜಿ ಎಂದು ಕರೆಯುವ ವಾಡಿಕೆ ಹುಟ್ಟಿತು. ಗೌರವಕ್ಕೆಂದೇ ಕರೆದಿರಬಹುದು. ಆದರೂ ಇದರಲ್ಲಿ ಒಂದು ಮೋಸವಿದೆ. ಆ ಹುಡುಗರು ಸಾವಿರಾರು ಸಿನಿಮಾ ನೋಡಿ ಸಿನಿಮಾಕ್ಕೆ ಬಂದವರು. ಈಕೆ ಬೆಸ್ತರ ಬಲೆ, ಒಣಗಲು ಹಾಕಿದ ಬಟ್ಟೆ, ಮರದ ಹಲಗೆಯ ಗೀರುಗಳನ್ನು ನೋಡಿ ಬಂದವರು. ದಾರಿಯೇ ಬೇರೆಯಾಗಿದ್ದವರನ್ನು ಅಜ್ಜಿಯೆಂದು ಮನೆತನಕ್ಕೆ ಸೇರಿಸಿಕೊಂಡರೆ ಮನೆತನದ ತೂಕ ಹೆಚ್ಚುತ್ತದೆ, ಅಷ್ಟೆ.

ಆ ಮೊದಲ ಚಿತ್ರಕ್ಕೆಂದು ಹುಟ್ಟಿಕೊಂಡ ಪುಟ್ಟ ಕಂಪನಿಗೆ ತಮಾರಿಸ್ ಫಿಲ್ಮ್ಸ್ ಎಂದು ಹೆಸರಿಟ್ಟಿದ್ದರು. ಮುಂದೆ ಅದು ಸಿನೆ-ತಮಾರಿಸ್ ಆಯಿತು. ಬೇರೆ ನಿರ್ಮಾಪಕರು ಸಿಕ್ಕಾಗ ಅವರ ಜೊತೆ, ಸಿಗದಾಗ ಸ್ವಂತವಾಗಿ, ಹೀಗೆ ಚಿತ್ರ ಮಾಡುತ್ತ ಹೋದರೂ ತಮ್ಮ ಚಿತ್ರಗಳ ನೆಗೆಟಿವ್‌ಗಳೂ ಹಕ್ಕುಗಳೂ ಆದಷ್ಟು ಮನೆಯೊಳಗೇ ಉಳಿಯುವಂತೆ ನೋಡಿಕೊಂಡರು. ಇಳಿವಯಸ್ಸಿನಲ್ಲಿ ಹಳೆಯ ಚಿತ್ರಗಳನ್ನು ಚೊಕ್ಕಟಗೊಳಿಸಿ ಡಿವಿಡಿ ಮಾಡಿ ತಮ್ಮ ಬೀದಿಯಲ್ಲೇ ಅಂಗಡಿಯಿಟ್ಟು ಮಾರಿದರು. ಸ್ವತಂತ್ರ ಸಿನಿಮಾ ಎಂದಾಗ ನಾವು ಧೋರಣೆಯ ಬಗ್ಗೆ, ಶೈಲಿಯ ಬಗ್ಗೆ ಮಾತಾಡುತ್ತೇವೆ. ನೆಗೆಟಿವ್ ಯಾರ ಬೀರುವಿನಲ್ಲಿದೆ ಎಂದು ಕೇಳುವವರು ಕಡಿಮೆ. ನಮ್ಮ ಕನ್ನಡದಲ್ಲೇ ಎಷ್ಟು ಹಳೆಯ ಚಿತ್ರಗಳ ನೆಗೆಟಿವ್‌ಗಳು ಯಾವ ಯಾವ ಲ್ಯಾಬಿನ ಕತ್ತಲಲ್ಲಿ ಅಂಟಿಕೊಂಡು ಹಾಳಾದವು ಎಂಬುದನ್ನು ನೆನೆದರೆ ಆ ಅಂಗಡಿಯ ಬೆಲೆ ತಿಳಿಯುತ್ತದೆ.

1962ರ 'ಕ್ಲೆಯೋ 5ರಿಂದ 7' ಅವರಿಗೆ ಹೆಸರು ತಂದ ಚಿತ್ರ. ನಿರ್ಮಾಪಕ ಬೊರೆಗಾರ್ ಅವರಿಗೆ ಅಗ್ಗದ ಚಿತ್ರವೊಂದು ಬೇಕಿತ್ತು. ಅಗ್ಗವಾಗಬೇಕಾದರೆ ಪ್ರಯಾಣದ ಖರ್ಚಿರಬಾರದು, ಆದ್ದರಿಂದ ಕಥೆ ಪ್ಯಾರಿಸ್ಸಿನಲ್ಲೇ ನಡೆಯಬೇಕು. ಒಂದೇ ದಿನದಲ್ಲಿ ಮುಗಿದರೆ ವೇಷಭೂಷಣದ ಖರ್ಚೂ ಮಿಗುತ್ತದೆ. ಈ ಲೆಕ್ಕದಿಂದ ಹುಟ್ಟಿದ್ದು, ಕ್ಯಾನ್ಸರ್ ಪರೀಕ್ಷೆಯ ಫಲಿತಾಂಶಕ್ಕೆ ಕಾಯುತ್ತ ಊರೆಲ್ಲ ಸುತ್ತುವ ಗಾಯಕಿಯೊಬ್ಬಳ ಕಥೆ. ತೆರೆಯ ಮೇಲಿನ ಗಳಿಗೆಯೂ ನಮ್ಮ ಕೈಗಡಿಯಾರದ ಗಳಿಗೆಯೂ ಜೊತೆಜೊತೆಯಾಗಿ ನಡೆಯುತ್ತವೆ. ಶೀರ್ಷಿಕೆ ಏಳು ಗಂಟೆಯವರೆಗೆ ಎನ್ನುತ್ತದೆ, ಚಿತ್ರ ಆರೂವರೆಗೇ ನಿಲ್ಲುತ್ತದೆ. ಉಳಿದ ಅರ್ಧ ಗಂಟೆ ಕ್ಲೆಯೋಳಿಗೆ ಸೇರಿದ್ದು, ನಮಗಲ್ಲ.

ಮೂರು ವರ್ಷಕ್ಕೆ ಬಂದ 'ಲ ಬೊನೂರ್', ಅಂದರೆ 'ಸುಖ', ಇವತ್ತಿಗೂ ನೋಡಿದವರನ್ನು ಜಗಳಕ್ಕೆ ಹಚ್ಚುವ ಚಿತ್ರ. ಹೆಂಡತಿಮಕ್ಕಳನ್ನು ಮನಸಾರೆ ಪ್ರೀತಿಸುವ ಬಡಗಿಯೊಬ್ಬ ಅಂಚೆ ಕಚೇರಿಯ ಹುಡುಗಿಯನ್ನೂ ಮನಸಾರೆ ಪ್ರೀತಿಸತೊಡಗುತ್ತಾನೆ. ಸುಖಕ್ಕೆ ಸುಖ ಕೂಡುತ್ತದೆಯೇ ಹೊರತು ಒಂದರಿಂದ ಇನ್ನೊಂದು ಕಳೆಯುವುದಿಲ್ಲ ಎಂಬುದು ಅವನ ಗಣಿತ. ಅದನ್ನು ಹೆಂಡತಿಗೂ ಹೇಳುತ್ತಾನೆ. ಆಕೆ ನೀರಿನಲ್ಲಿ ಹೆಣವಾಗುತ್ತಾಳೆ. ಸ್ವಲ್ಪ ದಿನಕ್ಕೆ ಅದೇ ಮನೆ, ಅದೇ ಮಕ್ಕಳು, ಅದೇ ಕಾಡಿನ ವನಭೋಜನ, ಹೆಂಡತಿಯ ಜಾಗದಲ್ಲಿ ಆ ಹುಡುಗಿ. ಹಿನ್ನೆಲೆಯಲ್ಲಿ ಮೋಟ್ಸಾರ್ಟ್, ಎಲ್ಲೆಲ್ಲೂ ಹಳದಿ ಕೆಂಪು ನೀಲಿ. ಬಡಗಿಯ ಪಾತ್ರ ಮಾಡಿದ ನಟನ ನಿಜ ಜೀವನದ ಹೆಂಡತಿಮಕ್ಕಳೇ ತೆರೆಯ ಮೇಲೂ ಹೆಂಡತಿಮಕ್ಕಳು ಎಂಬುದು ಗೊತ್ತಾದ ಮೇಲೆ ಅದರ ಚಂದ ಇನ್ನಷ್ಟು ಹೆದರಿಸುತ್ತದೆ. ನಿರ್ದೇಶಕಿ ಎಲ್ಲಿಯೂ ದನಿ ಎತ್ತುವುದಿಲ್ಲ. ಬೈದಿದ್ದರೆ ಇದನ್ನು ಇಷ್ಟು ದಿನ ನೆನಪಿಟ್ಟುಕೊಳ್ಳುತ್ತಿರಲಿಲ್ಲ.

ಆಮೇಲಿನ 'ಲೆ ಕ್ರೆಯಾತ್ಯೂರ್' (1966) ಮುಗ್ಗರಿಸಿತು. ಕ್ಯಾತರೀನ್ ದನೆವ್, ಮಿಶೆಲ್ ಪಿಕೋಲಿಯಂಥ ತಾರೆಯರಿದ್ದೂ ಜನ ಬರಲಿಲ್ಲ. ಸುಮಾರು ನಲವತ್ತು ವರ್ಷ ಅದರ ಪ್ರಿಂಟುಗಳು ಡಬ್ಬಿಗಳಲ್ಲಿ ಬಿದ್ದಿದ್ದವು. 2006ರಲ್ಲಿ ಪ್ಯಾರಿಸ್ಸಿನ ಕಾರ್ತಿಯೇ ಪ್ರತಿಷ್ಠಾನದಲ್ಲಿ ತಮ್ಮ ಕಲಾಪ್ರದರ್ಶನ ನಡೆದಾಗ ವರ್ದಾ ಆ ರೀಲುಗಳನ್ನು ಬಿಚ್ಚಿ, ಲೋಹದ ಚೌಕಟ್ಟಿನ ಮೇಲೆ ಫಿಲ್ಮಿನ ಪಟ್ಟಿಗಳನ್ನು ಗೋಡೆಯಾಗಿ ಇಳಿಬಿಟ್ಟು ಒಂದು ಗುಡಿಸಲು ಕಟ್ಟಿದರು. ಒಳಗೆ ನಿಂತವರಿಗೆ ಬೆಳಕು ಆ ಚಿತ್ರದ ಚೌಕಗಳ ಮೂಲಕವೇ ಸೋಸಿ ಬರುತ್ತಿತ್ತು. ಅದಕ್ಕೆ ಅವರಿಟ್ಟ ಹೆಸರು 'ನನ್ನ ಸೋಲಿನ ಗುಡಿಸಲು'. ಸೋತ ಚಿತ್ರದ ರೀಲನ್ನು ಹರಿದು ಸೂರು ಮಾಡಿಕೊಳ್ಳುವ ಬುದ್ಧಿ, ಹಳೆ ಸೀರೆಯಲ್ಲಿ ಕೌದಿ ಹೊಲಿದವರ ಮನೆಯಲ್ಲಿ ಬೆಳೆದ ನನಗೆ ಹೊಸದಾಗಿ ಕಾಣಲಿಲ್ಲ. ಆದರೆ ಸಿನಿಮಾದವರಲ್ಲಿ ಅದನ್ನು ನಾನು ಬೇರೆಲ್ಲೂ ಕಂಡಿಲ್ಲ.

ಅರವತ್ತರ ದಶಕದ ಕೊನೆಗೆ ಗಂಡ, ನಿರ್ದೇಶಕ ಜಾಕ್ ದೆಮಿ, ಹಾಲಿವುಡ್ಡಿಗೆ ಹೋದಾಗ ಇವರೂ ಕ್ಯಾಲಿಫೋರ್ನಿಯಾಕ್ಕೆ ಹೋದರು. ಅಲ್ಲಿನ ದೊಡ್ಡ ಸಂಸ್ಥೆಯೊಂದರ ಜೊತೆಗಿನ ಮಾತುಕತೆ ಅಂತಿಮ ಸಂಕಲನ ಯಾರ ಕೈಯಲ್ಲಿರಬೇಕು ಎಂಬಲ್ಲಿಗೆ ಬಂದು ಮುರಿಯಿತು. ಸುಮ್ಮನಿರದೆ ಓಕ್ಲೆಂಡಿಗೆ ಹೋಗಿ ಕಪ್ಪು ಜನರ ಹಕ್ಕಿಗಾಗಿ ಹೋರಾಡುತ್ತಿದ್ದ ಬ್ಲಾಕ್ ಪ್ಯಾಂಥರ್‌ಗಳ ಸಭೆಗಳನ್ನು ಚಿತ್ರೀಕರಿಸಿಕೊಂಡು ಬಂದರು. 1971ರಲ್ಲಿ, ಗರ್ಭಪಾತ ಇನ್ನೂ ಅಪರಾಧವಾಗಿದ್ದ ಫ್ರಾನ್ಸಿನಲ್ಲಿ, ತಾವು ಗರ್ಭಪಾತ ಮಾಡಿಸಿಕೊಂಡಿದ್ದೇವೆ ಎಂದು ಬಹಿರಂಗವಾಗಿ ಸಹಿ ಹಾಕಿದ 343 ಹೆಂಗಸರಲ್ಲಿ ಅವರೂ ಒಬ್ಬರು. ಮರುವರ್ಷ ಮಗ ಹುಟ್ಟಿದ. ಹೀಗೆ ಮತ್ತೆ ಕೇಬಲ್ಲಿಗೆ ಬಂದೆವು.

ಆ ಕೇಬಲ್ಲಿನ ಚಿತ್ರದ ಹೆಸರು 'ದಾಗೆರಿಯೋತಿಪ್'. ಅದು ಲೂಯಿ ದಾಗೆರ್‌ನ ಹಳೆಯ ಫೋಟೋ ವಿಧಾನದ ಹೆಸರೂ ಹೌದು, ದಾಗೆರ್ ಬೀದಿಯ ಮಾದರಿ ಮಂದಿ ಎಂಬ ಶ್ಲೇಷೆಯೂ ಹೌದು. ಅದರಲ್ಲಿ ಸೆಂಟಿನ ಅಂಗಡಿಯ ಭಾಗವನ್ನು ನಾನು ಹಲವು ಸಲ ನೋಡಿದ್ದೇನೆ. ಸಾಲುಸಾಲು ಗಾಜಿನ ಬಾಟಲಿಗಳು, ಗುಂಡಿ, ದಾರ, ಪೌಡರು. ಮುದುಕ ಅಳೆದು ಬೆರೆಸಿ ಬಾಟಲಿಗೆ ತುಂಬಿಸುತ್ತಾರೆ. ಹೆಂಡತಿ ಹೆಚ್ಚು ಮಾತಾಡುವುದಿಲ್ಲ, ಬಾಗಿಲ ಹತ್ತಿರ ನಿಂತಿರುತ್ತಾರೆ, ನೋಟ ಎಲ್ಲೋ ಇರುತ್ತದೆ. ಮರೆವು ಅವರನ್ನು ಆವರಿಸುತ್ತಿದೆ ಎಂಬುದು ನಿಧಾನವಾಗಿ ತಿಳಿಯುತ್ತದೆ. ಸಂಜೆಯಾಗುತ್ತಲೇ ಆಕೆಗೆ ಎಲ್ಲಿಗೋ ಹೊರಡಬೇಕೆನಿಸುತ್ತದೆ, ಬಾಗಿಲವರೆಗೆ ಹೋಗುತ್ತಾರೆ, ನಿಲ್ಲುತ್ತಾರೆ, ಹಿಂದಿರುಗುತ್ತಾರೆ. ಕ್ಯಾಮೆರಾ ಆಕೆಯನ್ನು ಏನೂ ಕೇಳದೆ, ಆಕೆಯಷ್ಟೇ ತಾಳ್ಮೆಯಿಂದ ನಿಂತಿರುತ್ತದೆ. ದಿನವೂ ಹಾಲು ಬ್ರೆಡ್ಡಿಗೆ ಹೋಗುವ ಬೀದಿಯಲ್ಲಿ ಎಷ್ಟೋ ವರ್ಷ ನೋಡಿ ಪರಿಚಯವಿದ್ದವರಿಗೆ ಮಾತ್ರ ಹಾಗೆ ನಿಲ್ಲಲು ಬರುತ್ತದೆ. ದೂರದಿಂದ ಬಂದ ತಂಡ ಪ್ರಶ್ನೆ ಕೇಳುತ್ತಿತ್ತು.

ಹತ್ತು ವರ್ಷದ ನಂತರದ ಚಿತ್ರ ಇದಕ್ಕೆ ತದ್ವಿರುದ್ಧ. ಅಲ್ಲಿ ಮನೆಯೇ ಇಲ್ಲ. ಇಂಗ್ಲಿಷಿನಲ್ಲಿ 'ವ್ಯಾಗಬಾಂಡ್' ಎಂದು ಪ್ರಸಿದ್ಧವಾದ, ಫ್ರೆಂಚ್ ಶೀರ್ಷಿಕೆಯಂತೆ ಹೇಳುವುದಾದರೆ 'ಸೂರಿಲ್ಲ, ಕಾನೂನಿಲ್ಲ' ಎನ್ನಬಹುದಾದ ಈ ಚಿತ್ರ 1985ರಲ್ಲಿ ವೆನಿಸ್ ಚಿತ್ರೋತ್ಸವದ ಸ್ವರ್ಣಸಿಂಹ ಪಡೆಯಿತು. ಚಳಿಗಾಲದ ಒಂದು ಬೆಳಗ್ಗೆ ದಕ್ಷಿಣ ಫ್ರಾನ್ಸಿನ ದ್ರಾಕ್ಷಿತೋಟದ ಬದಿಯ ಕಾಲುವೆಯಲ್ಲಿ ಹುಡುಗಿಯೊಬ್ಬಳ ಹೆಣ ಸಿಗುತ್ತದೆ, ಚಳಿಗೆ ಸೆಟೆದು ಸತ್ತಿದ್ದಾಳೆ. ಮೋನಾ ಎಂಬ ಆ ಅಲೆಮಾರಿ ಕಡೆಯ ವಾರಗಳಲ್ಲಿ ಯಾರಿಗೆಲ್ಲ ಎದುರಾಗಿದ್ದಳೋ ಅವರು ತಮಗೆ ಕಂಡಷ್ಟನ್ನು ಹೇಳುತ್ತ ಹೋಗುತ್ತಾರೆ. ಅಷ್ಟನ್ನೂ ಕೂಡಿಸಿದರೂ ಮೋನಾ ಕೈಗೆ ಸಿಗುವುದಿಲ್ಲ. ಅವಳು ತೆಗೆದುಕೊಂಡದ್ದಕ್ಕೆ ಧನ್ಯವಾದ ಹೇಳುವವಳಲ್ಲ, ಮೈ ತೊಳೆಯುವವಳಲ್ಲ, ತನ್ನ ಕಥೆ ಹೇಳಿ ಕನಿಕರ ಗಿಟ್ಟಿಸುವವಳಂತೂ ಅಲ್ಲ. ಆಲೂಗಡ್ಡೆ ಬೆಳೆಯಬೇಕೆಂಬ ಆಸೆಯಿದೆ ಎಂದಾಗ ಆಡು ಸಾಕುವ ಓದಿಕೊಂಡವನೊಬ್ಬ ಒಂದು ತುಂಡು ನೆಲ ಕೊಡುತ್ತಾನೆ. ಅವಳು ಅದರಲ್ಲಿ ಕೈಯಾಡಿಸುವುದೂ ಇಲ್ಲ. ಹದಿಹರೆಯ ದಾಟುತ್ತಿದ್ದ ಸಾಂದ್ರಿನ್ ಬೊನೇರ್ ಆ ಪಾತ್ರದಲ್ಲಿ ನಮ್ಮ ಸಹಾನುಭೂತಿಯನ್ನು ಒಮ್ಮೆಯೂ ಬೇಡುವುದಿಲ್ಲ.

ಈ ಚಿತ್ರದುದ್ದಕ್ಕೂ ಒಂದು ಡಜನ್ ಆಸುಪಾಸು ಉದ್ದನೆಯ ಟ್ರ್ಯಾಕಿಂಗ್ ಶಾಟ್‌ಗಳಿವೆ. ಮೋನಾ ನಡೆಯುತ್ತಾಳೆ, ಕ್ಯಾಮೆರಾ ಜೊತೆಗೆ ಸಾಗುತ್ತದೆ, ಆದರೆ ಯಾವಾಗಲೂ ಬಲದಿಂದ ಎಡಕ್ಕೆ, ಅಂದರೆ ಫ್ರೆಂಚರೂ ನಾವೂ ಓದುವ ದಿಕ್ಕಿಗೆ ಎದುರಾಗಿ. ಕೆಲವೊಮ್ಮೆ ಕ್ಯಾಮೆರಾ ಅವಳಿಗಿಂತ ಮೊದಲೇ ಶುರುವಾಗುತ್ತದೆ, ಕೆಲವೊಮ್ಮೆ ಅವಳನ್ನು ದಾಟಿ ಹೋಗಿ ಯಾವುದೋ ತುಕ್ಕು ಹಿಡಿದ ನೇಗಿಲಿನಂಥ ವಸ್ತುವಿನ ಮೇಲೆ ನಿಲ್ಲುತ್ತದೆ. ಎಷ್ಟೋ ಹೊತ್ತಿನ ನಂತರ ಬರುವ ಮುಂದಿನ ಟ್ರ್ಯಾಕಿಂಗ್ ಅಂಥದ್ದೇ ಒಂದು ವಸ್ತುವಿನಿಂದ ಶುರುವಾಗುತ್ತದೆ. ಮೊದಲ ಸಲ ನೋಡುವಾಗ ಇದು ತಿಳಿಯದು, ತಿಳಿಯಬೇಕಾಗಿಯೂ ಇಲ್ಲ. ವರ್ದಾ ತಮ್ಮ ಕೆಲಸವನ್ನು ಸಿನೆ-ಬರವಣಿಗೆ ಎಂದು ಕರೆದದ್ದು ಇದಕ್ಕೇ ಇರಬೇಕು: ಚಿತ್ರಕಥೆಯ ಕಾಗದದ ಮೇಲೆ ಇಲ್ಲದ, ಚಲನೆಯಲ್ಲೂ ಕತ್ತರಿಯಲ್ಲೂ ಬರೆಯಬಹುದಾದ ಅಲ್ಪವಿರಾಮಗಳು ಅವು.

ದೆಮಿ 1990ರ ಅಕ್ಟೋಬರಿನಲ್ಲಿ ತೀರಿಕೊಂಡರು. ಕಾಯಿಲೆಯಲ್ಲಿದ್ದಾಗ ಅವರು ತಮ್ಮ ಬಾಲ್ಯದ ನೆನಪುಗಳನ್ನು ಬರೆಯುತ್ತಿದ್ದರು; ವರ್ದಾ ಅದನ್ನು ಚಿತ್ರ ಮಾಡಲು ಹೊರಟು, ನಾಂತ್ ಪಟ್ಟಣದಲ್ಲಿ ಅವರ ತಂದೆಯ ಗ್ಯಾರೇಜಿದ್ದ ಜಾಗದಲ್ಲೇ ಚಿತ್ರೀಕರಿಸಿದರು. ನಡುನಡುವೆ, ಸಾಯುತ್ತಿರುವ ಗಂಡನ ಕೂದಲು, ಕಣ್ಣು, ಕೈಯ ಮೇಲಿನ ಕಲೆಗಳನ್ನು ಕ್ಯಾಮೆರಾ ತೀರ ಹತ್ತಿರದಿಂದ, ಚರ್ಮ ಒಂದು ಭೂಪ್ರದೇಶವೋ ಎನ್ನುವಂತೆ ಸವರಿಕೊಂಡು ಹೋಗುತ್ತದೆ. ಆ ಶಾಟ್‌ಗಳನ್ನು ನೋಡುವುದು ಕಷ್ಟ.

1995ರಲ್ಲಿ ಸಿನಿಮಾಕ್ಕೆ ನೂರು ತುಂಬಿತೆಂದು ದೊಡ್ಡ ಬಂಡವಾಳ ಸಿಕ್ಕಿ, ಡಿ ನಿರೋ, ದಲೋಂ, ಮಾಸ್ತ್ರೊಯಾನಿಯಂಥ ತಾರೆಯರನ್ನೆಲ್ಲ ಸೇರಿಸಿ ಮಾಡಿದ 'ನೂರೊಂದು ರಾತ್ರಿಗಳು' ನನಗಂತೂ ಮದುವೆಮನೆಯ ಫೋಟೋ ಆಲ್ಬಮ್ಮಿನಂತೆ ಕಂಡಿತು. ಎಲ್ಲರೂ ಇದ್ದಾರೆ, ಯಾರೂ ಏನೂ ಮಾಡುತ್ತಿಲ್ಲ. ಅದೂ ಸೋತಿತು. ಅವರ ದೊಡ್ಡ ಸೋಲುಗಳೆರಡೂ ಹಾಸಿಗೆ ಅಗಲವಾಗಿದ್ದಾಗಲೇ ಆದವು ಎಂಬುದನ್ನು ಗಮನಿಸದಿರಲು ನನ್ನಿಂದ ಆಗಿಲ್ಲ.

ಅದಾದ ಐದು ವರ್ಷಕ್ಕೆ, ಎಪ್ಪತ್ತೆರಡರ ಹೊಸ್ತಿಲಲ್ಲಿ, ಅಂಗೈಯಲ್ಲಿ ಹಿಡಿಯುವಂಥ ಪುಟ್ಟ ಡಿಜಿಟಲ್ ಕ್ಯಾಮೆರಾ ಹಿಡಿದು ಅವರು ಮಾಡಿದ ಚಿತ್ರದ ಬಗ್ಗೆ ಬರೆಯಲೆಂದೇ ನಾನು ಈ ಬರಹಕ್ಕೆ ಕುಳಿತದ್ದು. ಅದನ್ನು ಇಂಗ್ಲಿಷಿನಲ್ಲಿ 'ದ ಗ್ಲೀನರ್ಸ್ ಆ್ಯಂಡ್ ಐ' ಎನ್ನುತ್ತಾರೆ. ಬೆಂಗಳೂರಿನ ಫಿಲ್ಮ್ ಸೊಸೈಟಿಯೊಂದರಲ್ಲಿ ಮೊದಲ ಸಲ ನೋಡಿದಾಗ, ಪಕ್ಕದಲ್ಲಿದ್ದ ಗೆಳೆಯ ಗ್ಲೀನರ್ ಅಂದರೇನು ಎಂದು ಕೇಳಿದ. ತಡಬಡಿಸಿ, ಆಯುವವರು ಎಂದೆ. ತೆರೆಯ ಮೇಲೆ ಬಗ್ಗಿದ ಬೆನ್ನುಗಳು ಕಂಡ ಮೇಲೆ, ಮೂವತ್ತು ವರ್ಷದಿಂದ ಬಾಯಿಗೆ ಬಾರದೆ ಇದ್ದ ಮಾತು ತಾನಾಗಿ ಬಂತು: ಹಕ್ಕಲು.

ಶೇಂಗಾ ಬಳ್ಳಿ ಕಿತ್ತು, ಕಾಯಿ ಬಿಡಿಸಿ, ಚೀಲಗಳು ಚಕ್ಕಡಿ ಏರಿ ಹೋದ ಮೇಲೆ ನಮ್ಮೂರ ಹೊಲಗಳಲ್ಲಿ ಮಣ್ಣಿನೊಳಗೆ ಒಂದಿಷ್ಟು ಕಾಯಿ ಉಳಿಯುತ್ತಿದ್ದವು. ಅವೇ ಹಕ್ಕಲು. ಅಜ್ಜಿ ಸೆರಗು ಸಿಕ್ಕಿಸಿಕೊಂಡು, "ಹಕ್ಕಲ ಆರಿಸಾಕ ಹೋಗೂಣು, ನಡೀರಿ" ಎಂದು ಮೊಮ್ಮಕ್ಕಳನ್ನೆಲ್ಲ ಎಬ್ಬಿಸಿಕೊಂಡು ಹೋಗುತ್ತಿದ್ದಳು. ಹೊಲ ಯಾರದೆಂದು ಕೇಳುವ ರೂಢಿ ಇರಲಿಲ್ಲ. ಹೊಲದೊಡೆಯ ತನ್ನ ಬೆಳೆ ಒಯ್ದಮೇಲೆ ಉಳಿದದ್ದು ಬಗ್ಗುವವರದು. ಕನ್ನಡ ಬೈಬಲ್ಲಿನ ರೂತಳ ಕಥೆಯಲ್ಲಿ ಅವಳು ಜವೆಯ ಹೊಲಕ್ಕೆ ಹೋಗುವುದೂ ಹಕ್ಕಲಾಯುವುದಕ್ಕೇ. ವರ್ದಾ ಇಟ್ಟ ಫ್ರೆಂಚ್ ಶೀರ್ಷಿಕೆಯಲ್ಲಿ ಎರಡು ಪದಗಳಿವೆ, ಮೊದಲನೆಯದು ಬಹುವಚನ, ಎರಡನೆಯದು ಸ್ತ್ರೀಲಿಂಗದ ಏಕವಚನ. ಇಂಗ್ಲಿಷಿಗೆ ಅದು ದಕ್ಕದೆ, 'ನಾನು' ಎಂದು ಸರಿಹೊಂದಿಸಿಕೊಂಡಿತು. ಕನ್ನಡದಲ್ಲಿ ಯಾವ ತೊಡಕೂ ಇಲ್ಲ: 'ಹಕ್ಕಲಾಯುವವರು ಮತ್ತು ಹಕ್ಕಲಾಯುವವಳು'.

ಚಿತ್ರ ಶುರುವಾಗುವುದು ಒಂದು ದಪ್ಪ ನಿಘಂಟು ಮತ್ತು ವರ್ದಾ ಅವರ ಬೆಕ್ಕಿನಿಂದ. ಆಮೇಲೆ ಫ್ರೆಂಚ್ ಚಿತ್ರಕಾರ ಮಿಲೇಯ 1857ರ ಪ್ರಸಿದ್ಧ ವರ್ಣಚಿತ್ರ, ಅದರಲ್ಲಿ ಬಗ್ಗಿ ತೆನೆ ಆಯುವ ಮೂವರು ಹೆಂಗಸರು. ಆಮೇಲೆ ಆರಾಸ್ ಪಟ್ಟಣದಲ್ಲಿರುವ ಜ್ಯೂಲ್ ಬ್ರತೋಂನ ಚಿತ್ರ. ಅದರಲ್ಲಿ ಒಬ್ಬಳೇ ಹೆಂಗಸು ತೆನೆಯ ಕಟ್ಟನ್ನು ಹೆಗಲಿಗೇರಿಸಿ ನಿಂತಿದ್ದಾಳೆ. ವರ್ದಾ ಅದರ ಪಕ್ಕದಲ್ಲಿ ತಾವೂ ಗೋಧಿಯ ಕಟ್ಟು ಹೊತ್ತು ನಿಂತುಕೊಳ್ಳುತ್ತಾರೆ, ನಂತರ ಅದನ್ನು ಕೆಳಗೆ ಬಿಟ್ಟು ಕ್ಯಾಮೆರಾ ಎತ್ತಿಕೊಳ್ಳುತ್ತಾರೆ. ಯಾವ ವ್ಯಾಖ್ಯಾನವೂ ಇಲ್ಲ.

ಆಲೂಗಡ್ಡೆಯ ಹೊಲಕ್ಕೆ ಬರುತ್ತಾರೆ. ಅಂಗಡಿಗಳಿಗೆ ಬೇಕಾದದ್ದು ಗೊತ್ತಾದ ಅಳತೆಯ ಗಡ್ಡೆ ಮಾತ್ರ. ತೀರ ದೊಡ್ಡದು, ಹಸಿರಾದದ್ದು, ಯಂತ್ರಕ್ಕೆ ಸಿಕ್ಕಿ ಗಾಯವಾದದ್ದು, ಆಕಾರ ಕೆಟ್ಟದ್ದು ಎಲ್ಲವನ್ನೂ ಟನ್ನುಗಟ್ಟಲೆ ತಂದು ಹೊಲದಲ್ಲಿ ಸುರಿದುಹೋಗುತ್ತಾರೆ. ಸುದ್ದಿ ಗೊತ್ತಾದವರು ಚೀಲ ಹಿಡಿದು ಬರುತ್ತಾರೆ. ಆ ರಾಶಿಯಲ್ಲಿ ಒಬ್ಬಾತನಿಗೆ ಹೃದಯದ ಆಕಾರದ್ದೊಂದು ಸಿಗುತ್ತದೆ. ವರ್ದಾ ಹಿಗ್ಗಿ, ನನಗೆ ಬೇಕು ಎಂದು ಅಂಥವನ್ನೆಲ್ಲ ಮನೆಗೆ ಒಯ್ಯುತ್ತಾರೆ. ಒಂದು ಕೈಯಲ್ಲಿ ಕ್ಯಾಮೆರಾ ಹಿಡಿದು ಇನ್ನೊಂದು ಕೈಯಿಂದ ಗಡ್ಡೆ ಎತ್ತುವುದನ್ನು ತಾವೇ ಚಿತ್ರೀಕರಿಸುತ್ತಾರೆ. ಹಳೆಯ ದೊಡ್ಡ ಕ್ಯಾಮೆರಾದಲ್ಲಿ ಇದು ಸಾಧ್ಯವೇ ಇರಲಿಲ್ಲ. ಆ ಕೈ ಮುಪ್ಪಿನದು, ನರಗಳು ಎದ್ದಿವೆ, ಕಲೆಗಳು ಮೂಡಿವೆ. ಹತ್ತು ವರ್ಷದ ಹಿಂದೆ ಗಂಡನ ಚರ್ಮವನ್ನು ನೋಡಿದ ಅದೇ ಕಣ್ಣು ಈಗ ತನ್ನ ಚರ್ಮವನ್ನು ನೋಡುತ್ತಿದೆ, ಮತ್ತು ಈ ಸಲ ಅದಕ್ಕೆ ಭಯಕ್ಕಿಂತ ಕುತೂಹಲ ಹೆಚ್ಚು.

ಕರಿ ನಿಲುವಂಗಿ ತೊಟ್ಟ ವಕೀಲರೊಬ್ಬರು ತರಕಾರಿ ಹೊಲದ ನಡುವೆ ನಿಂತು, ಕೆಂಪು ರಟ್ಟಿನ ದಂಡಸಂಹಿತೆ ತೆರೆದು, ಕೊಯ್ಲು ಮುಗಿದ ಮೇಲೆ ಸೂರ್ಯೋದಯದಿಂದ ಸೂರ್ಯಾಸ್ತದವರೆಗೆ ಹಕ್ಕಲಾಯಬಹುದು ಎಂದು ಓದಿ ಹೇಳುತ್ತಾರೆ. ಇದರ ಬೇರು 1554ರ ರಾಜಾಜ್ಞೆಯಲ್ಲಿದೆಯಂತೆ. ದ್ರಾಕ್ಷಿತೋಟದಲ್ಲಿ ವರ್ದಾ ಕ್ಯಾಮೆರಾ ನಿಲ್ಲಿಸಲು ಮರೆತು ನಡೆದದ್ದರಿಂದ ಲೆನ್ಸಿನ ಮುಚ್ಚಳ ದಾರದಲ್ಲಿ ತೂಗಾಡಿದ್ದು, ಹಿಂದೆ ನೆಲ ಓಡಿದ್ದು ಎಲ್ಲ ರೆಕಾರ್ಡಾಗಿತ್ತು. ಯಾವ ಸಂಕಲನಕಾರನಾದರೂ ಕಿತ್ತೆಸೆಯುತ್ತಿದ್ದ ಆ ತುಣುಕಿಗೆ ಅವರು ಜಾಸ್ ಸಂಗೀತ ಹಾಕಿ ಮುಚ್ಚಳದ ಕುಣಿತ ಮಾಡಿಬಿಟ್ಟರು. ಹಕ್ಕಲಾಯುವವರ ಚಿತ್ರದಲ್ಲಿ ಸಂಕಲನದ ಕಸವನ್ನೂ ಬಿಡಲಿಲ್ಲ. ಬೀದಿಯಲ್ಲಿ ಸಿಕ್ಕಿದ ಮುಳ್ಳುಗಳಿಲ್ಲದ ಗಡಿಯಾರವೊಂದು ಅವರ ಮನೆಯ ಕಪಾಟು ಸೇರಿತು.

ಪ್ಯಾರಿಸ್ಸಿನ ಸಂತೆ ಮುಗಿದ ಮೇಲೆ ಬಿದ್ದಿರುವ ಸೊಪ್ಪು, ಹಣ್ಣು, ಬ್ರೆಡ್ಡನ್ನು ಅಲ್ಲೇ ನಿಂತು ತಿನ್ನುವ ಒಬ್ಬ ವ್ಯಕ್ತಿಯನ್ನು ವರ್ದಾ ಕಾಣುತ್ತಾರೆ. ಹತ್ತಿರ ಹೋಗಿ ಮಾತಿಗೆಳೆಯಲು ದಿನಗಳೇ ಬೇಕಾಗುತ್ತವೆ. ಸ್ನಾತಕೋತ್ತರ ಪದವಿ ಓದಿದವನು, ಬೀದಿಯಲ್ಲಿ ಪತ್ರಿಕೆ ಮಾರುತ್ತಾನೆ, ರಾತ್ರಿ ಹಾಸ್ಟೆಲೊಂದರ ನೆಲಮಾಳಿಗೆಯಲ್ಲಿ ಆಫ್ರಿಕಾದಿಂದ ವಲಸೆ ಬಂದವರಿಗೆ ಪುಕ್ಕಟೆಯಾಗಿ ಫ್ರೆಂಚ್ ಕಲಿಸುತ್ತಾನೆ. ಈ ಇಡೀ ಚಿತ್ರದಲ್ಲಿ ತಮ್ಮನ್ನು ಹೆಚ್ಚು ತಟ್ಟಿದವನು ಇವನೇ ಎಂದು ಅವರು ಹೇಳುತ್ತಾರೆ. ಪಾಠ ಮಾಡುತ್ತ ಬೋರ್ಡಿನ ಮೇಲೆ ಅವನು ಪದಗಳಿಗೆ ಚಿತ್ರ ಬರೆಯುವುದನ್ನು ಕ್ಯಾಮೆರಾ ಅವಸರವಿಲ್ಲದೆ ನೋಡುತ್ತದೆ. ದಾಗೆರ್ ಬೀದಿಯ ಸೆಂಟಿನ ಅಂಗಡಿಯಲ್ಲಿ ನಿಂತ ಹಾಗೆಯೇ.

ಚಿತ್ರ ನೋಡಿದವರ ಪತ್ರಗಳು ಮೂಟೆಗಟ್ಟಲೆ ಬಂದು, ಎರಡು ವರ್ಷಕ್ಕೆ ಅದರ ಮುಂದುವರಿಕೆಯೂ ಆಯಿತು. 2003ರ ವೆನಿಸ್ ಬಿಯೆನಾಲೆ ಕಲಾಪ್ರದರ್ಶನದಲ್ಲಿ 700 ಕಿಲೋ ಆಲೂಗಡ್ಡೆ ಸುರಿದು, ಮೊಳಕೆಯೊಡೆದ ಹೃದಯದಾಕಾರದ ಗಡ್ಡೆಗಳನ್ನು ಮೂರು ಪರದೆಗಳ ಮೇಲೆ ಉಸಿರಾಡಿಸಿ, ತಾವೇ ಆಲೂಗಡ್ಡೆಯ ವೇಷ ತೊಟ್ಟು ಓಡಾಡಿದರು. ಎಪ್ಪತ್ತೈದರ ವಯಸ್ಸಿನಲ್ಲಿ ದೃಶ್ಯಕಲಾವಿದೆಯಾಗಿ ಹೊಸ ಜೀವನ ಶುರುವಾಯಿತೆಂದು ಪತ್ರಿಕೆಗಳು ಬರೆದವು. ನನಗೆ ಅದು ಅದೇ ಅಂಗಳದ ಇನ್ನೊಂದು ಮೂಲೆ ಎನಿಸುತ್ತದೆ.

ಮನ್ನಣೆಗಳು ತಡವಾಗಿ, ಒಟ್ಟಿಗೇ ಬಂದವು. 2015ರಲ್ಲಿ ಕಾನ್ ಉತ್ಸವದ ಗೌರವ ಪಾಮ್, 2017ರಲ್ಲಿ ಗೌರವ ಆಸ್ಕರ್. ಮಹಿಳಾ ನಿರ್ದೇಶಕರೊಬ್ಬರಿಗೆ ಈ ಎರಡೂ ಸಂದದ್ದು ಅದೇ ಮೊದಲು. ಅದೇ 2017ರಲ್ಲಿ, ಯುವ ಬೀದಿಕಲಾವಿದ ಜೆಆರ್ ಜೊತೆ ಫ್ರಾನ್ಸಿನ ಹಳ್ಳಿಹಳ್ಳಿ ಸುತ್ತಿ ಮಾಡಿದ 'ಫೇಸಸ್ ಪ್ಲೇಸಸ್' ಬಂದಿತು. ಅದಕ್ಕೆ ಬೇಕಾದ ದುಡ್ಡಿನಲ್ಲಿ ಒಂದು ಪಾಲನ್ನು ಅಂತರ್ಜಾಲದಲ್ಲಿ ಜನರಿಂದ ಚಂದಾ ಎತ್ತಿ ಹೊಂದಿಸಿದ್ದರು. ಅಂದರೆ ಅರವತ್ತು ವರ್ಷದ ಅನುಭವ ಮತ್ತು ಸ್ವರ್ಣಸಿಂಹದ ನಂತರವೂ ಬಂಡವಾಳ ಹೊಂದಿಸುವ ಕಷ್ಟ ತಪ್ಪಿರಲಿಲ್ಲ. ಆ ಚಿತ್ರ ಆಸ್ಕರ್‌ಗೆ ನಾಮನಿರ್ದೇಶನಗೊಂಡಾಗ ಅವರಿಗೆ 89. ಸ್ಪರ್ಧಿಗಳಿಗೆಂದು ಲಾಸ್ ಏಂಜಲೀಸ್‌ನಲ್ಲಿ ಏರ್ಪಟ್ಟ ಊಟಕ್ಕೆ ಹೋಗಲಾಗದೆ, ರಟ್ಟಿನಲ್ಲಿ ಕತ್ತರಿಸಿದ ತಮ್ಮ ಆಳೆತ್ತರದ ಫೋಟೋಗಳನ್ನು ಕಳಿಸಿಕೊಟ್ಟರು, ಜನ ಅದರ ಪಕ್ಕ ನಿಂತು ಫೋಟೋ ತೆಗೆಸಿಕೊಂಡರು.

2019ರ ಫೆಬ್ರವರಿಯಲ್ಲಿ ತಮ್ಮ ಕೆಲಸದ ಬಗ್ಗೆ ತಾವೇ ಪಾಠ ಹೇಳಿದಂತಿರುವ ಕೊನೆಯ ಚಿತ್ರವನ್ನು ಬರ್ಲಿನ್‌ನಲ್ಲಿ ತೋರಿಸಿ ಬಂದು, ಮಾರ್ಚ್ 29ರಂದು ಅದೇ ದಾಗೆರ್ ಬೀದಿಯ ಮನೆಯಲ್ಲಿ ತೀರಿಕೊಂಡರು. ಅಲ್ಲಿಂದ ನಡೆದುಹೋಗುವಷ್ಟು ದೂರದ ಮೋಂಪಾರ್ನಾಸ್ ಸ್ಮಶಾನದಲ್ಲಿ ದೆಮಿಯವರ ಜೊತೆಗೆ ಮಣ್ಣು ಮಾಡಿದರು. ಆ ದಿನಗಳಲ್ಲಿ ಜನ ಅವರ ಮನೆಯ ಬಾಗಿಲ ಮುಂದೆ ಹೂವಿನ ಜೊತೆಗೆ ಆಲೂಗಡ್ಡೆಗಳನ್ನೂ ತಂದಿಟ್ಟು ಹೋದರು.